ವಿಭೂತಿ ಮೀಸೆ

ಸಾವಿನ ಮನೆಯಲ್ಲಿ ನಗು ಬರುವಂಥದ್ದು ಒಂದಾದರೂ ನಡೆಯದೆ ಹೆಣ ಹೊರಟಿದ್ದನ್ನು ನಾನು ಈವರೆಗೆ ಕಂಡಿಲ್ಲ.

ಹೀಗೆ ಬರೆದರೆ ಓದುವವರು ನನ್ನನ್ನು ಕರುಣೆಯಿಲ್ಲದವನು ಅಂದುಕೊಳ್ಳುತ್ತಾರೇನೋ ಎಂಬ ಹೆದರಿಕೆ ನನಗಿದೆ. ನೆಂಟರಿಗೆ ಕಾಗದ ಬರೆದದ್ದು ಬಿಟ್ಟರೆ ನಾನು ಬೇರೇನೂ ಬರೆದವನಲ್ಲ. ಅದಕ್ಕೇ ಎಲ್ಲವನ್ನೂ ಬಿಡಿಸಿ ಹೇಳುತ್ತೇನೆ. ಹೆಚ್ಚಾಯಿತು ಅನ್ನಿಸಿದರೆ ಹಾರಿಸಿ ಓದಬಹುದು.

ನಮ್ಮೂರು ಕೊಳ್ಳೇಗಾಲ ತಾಲ್ಲೂಕಿನಲ್ಲಿ, ಕುಂತೂರಿನ ಆಸುಪಾಸಿನಲ್ಲಿದೆ. ಹೆಸರು ಬರೆಯುವುದಿಲ್ಲ, ಬರೆದರೆ ಜಗಳ. ಮನೆಯ ಬೇಸಾಯ ಹಿಪ್ಪುನೇರಳೆ ಮತ್ತು ರೇಷ್ಮೆ ಹುಳ. ಅದರ ಜೊತೆಗೆ ಅಪ್ಪನಿಂದ ನನಗೆ ಬಂದ ಇನ್ನೊಂದು ಕೆಲಸ ವಿಮಾನ ಕಟ್ಟುವುದು. ಆಕಾಶದಲ್ಲಿ ಹಾರುವ ವಿಮಾನವಲ್ಲ. ನಮ್ಮ ಲಿಂಗಾಯತರಲ್ಲಿ ಸತ್ತವರನ್ನು ಮಲಗಿಸುವುದಿಲ್ಲ. ಮೈಗೆ ನೀರು ಹಾಕಿ, ವಿಭೂತಿ ಬಳಿದು, ಪಡಸಾಲೆಯ ಗೋಡೆಗೆ ಒರಗಿಸಿ ಕೂರಿಸುತ್ತೇವೆ. ಹೊರಡುವಾಗಲೂ ಕೂತೇ ಹೋಗುತ್ತಾರೆ, ಗುಂಡಿಯಲ್ಲೂ ಕೂತೇ ಇರುತ್ತಾರೆ. ಹಾಗೆ ಕೂರಿಸಿ ಹೊತ್ತೊಯ್ಯಲು ಬಿದಿರು, ಬಾಳೆದಿಂಡು, ಬಣ್ಣದ ಕಾಗದ, ಹೂವಿನಿಂದ ಕಟ್ಟುವ ಮಂಟಪವೇ ವಿಮಾನ. ಐವತ್ತಾರರಿಂದ ಎಪ್ಪತ್ತರ ದಶಕದವರೆಗೆ ಯಳಂದೂರಿನಿಂದ ಹನೂರಿನವರೆಗೆ ಎಷ್ಟು ಕಟ್ಟಿದೆನೋ ಲೆಕ್ಕವಿಟ್ಟಿಲ್ಲ.

ಇನ್ನೊಬ್ಬರನ್ನು ಪರಿಚಯಿಸಬೇಕು, ನನ್ನ ಸೋದರತ್ತೆಯನ್ನು. ಗಂಡ ತೀರಿಕೊಂಡಿದ್ದರು, ಮಕ್ಕಳಿರಲಿಲ್ಲ. ನಮ್ಮ ಮನೆಯಲ್ಲೇ ಇದ್ದರು. ಸುತ್ತಲ ಊರುಗಳಲ್ಲಿ ಯಾರೇ ಸತ್ತರೂ ಹೆಣದ ಮುಂದೆ ಕೂತು ಹಾಡಿಕೊಂಡು ಅಳುವುದರಲ್ಲಿ ಅವರೇ ಮುಂದು. ಊರಿಗೆಲ್ಲ ಅವರು 'ಅಕ್ಕ'. ಅಕ್ಕನ ಕಟ್ಟಳೆ ಒಂದೇ: ಸತ್ತವರ ಗುಣವನ್ನೂ ಹಾಡಬೇಕು, ದೋಷವನ್ನೂ ಹಾಡಬೇಕು. "ಸುಳ್ಳು ಯೋಳ್ಕೊಂಡು ಅಳಾಕೆ ನನ್ಗೆ ಬರಾಕಿಲ್ಲ. ದ್ವಾಸ ಇಲ್ದೋನಾಗಿದ್ರೆ ಅವನ್ಯಾಕೆ ನಮ್ಮೂರಲ್ಲಿ ಉಟ್ತಿದ್ದ?" ಅನ್ನುತ್ತಿದ್ದರು.

೧. ಯಾವ ರಾಜ್ಯದ ಹೆಣ

ಐವತ್ತಾರರ ನವೆಂಬರ್ ತಿಂಗಳು. ಅದುವರೆಗೆ ಕೊಳ್ಳೇಗಾಲ ಮದ್ರಾಸು ರಾಜ್ಯದಲ್ಲಿತ್ತು, ಆ ತಿಂಗಳು ಮೈಸೂರಿಗೆ ಸೇರಿತು. ಪಕ್ಕದ ಯಳಂದೂರು ಮೊದಲಿಂದಲೂ ಮೈಸೂರೇ. ಇದನ್ನು ಹೇಳದಿದ್ದರೆ ಮುಂದಿನದು ಅರ್ಥವಾಗುವುದಿಲ್ಲ.

ಅದೇ ವಾರ ನಮ್ಮ ಬೀದಿಯ ಒಬ್ಬ ಮುದುಕರು ತೀರಿಕೊಂಡರು. ಹುಟ್ಟು ಸಾವು ಬರೆದುಕೊಳ್ಳುವ ಮಣೇಗಾರರು ಪುಸ್ತಕ ಹಿಡಿದು ಮನೆಗೇ ಬಂದರು. ಬಂದವರು ಹೆಣದ ಎದುರು ನಿಂತು ತಲೆ ಕೆರೆದುಕೊಂಡರು.

"ಇದು ಹಳೇ ಪುಸ್ತಕ. ಇದ್ರಲ್ಲಿ ಬರುದ್ರೆ ಮದ್ರಾಸಿನೋನಾಗಿ ಸತ್ತ ಅಂತಾಯ್ತದೆ. ಹೊಸ ಪುಸ್ತಕ ಇನ್ನೂ ಬಂದಿಲ್ಲ. ಏನಾರ ಎರಡು ದಿನ ತಡುದ್ರೆ..."

ಹಾಡುತ್ತಿದ್ದ ಅತ್ತೆ ನಿಲ್ಲಿಸಿದರು. ಸೆರಗಿನಿಂದ ಮೂಗು ಒರೆಸಿಕೊಂಡು, "ತಡೀತಾನೆ ಬುಡಿ ಸಾ. ಅವ್ನೇನು ನಿಂತಿದ್ದಾನಾ? ಕೂತವ್ನೆ. ನಿಂತಿರೋರು ನೀವೇ. ಪಕ್ದಲ್ಲೇ ಚಾಪೆ ಆಕುಸ್ತೀನಿ, ಎರಡು ದಿನ ನೀವೂ ಕೂತ್ಕಳಿ," ಅಂದರು.

ಮಣೇಗಾರರು ಒಮ್ಮೆ ಹೆಣದ ಮುಖ ನೋಡಿದರು, ಒಮ್ಮೆ ಚಾಪೆ ನೋಡಿದರು. ಅಲ್ಲೇ ಹಳೇ ಪುಸ್ತಕ ಬಿಚ್ಚಿದರು. ಆದರೂ ಪೆನ್ಸಿಲ್ ಹಿಡಿದು, "ಸತ್ತ ಜಾಗ ಅಂತ ಏನು ಬರ್ಕಳ್ಳಿ? ಮದ್ರಾಸೋ, ಮೈಸೂರೋ?" ಅಂತ ಕೇಳಿದರು.

"ಎರಡೂ ಅಲ್ಲ ಸಾ. ಅವನು ಸತ್ತಿದ್ದು ಈ ಜಗ್ಲೀಲಿ. ಅಂಗೇ ಬರ್ಕಳಿ."

೨. ಮೀಸೆ ಬಂತು

ಹೆಣವನ್ನು ಒಂಟಿಯಾಗಿ ಬಿಡಬಾರದು, ದೂರದ ನೆಂಟರು ಬರುವವರೆಗೆ ಅದರೆದುರು ಯಾರೂ ನಿದ್ದೆ ಮಾಡಬಾರದು. ಇದು ನಮ್ಮಲ್ಲಿನ ಪದ್ಧತಿ. ಆಗ ಬಸ್ಸುಗಳು ಕಡಿಮೆ. ಸುದ್ದಿ ಮುಟ್ಟಿಸುವ ಆಳು ಸೈಕಲ್ಲಿನಲ್ಲಿ ಹೋಗಬೇಕು, ನೆಂಟರು ಮಾರನೆಯ ದಿನ ಬರಬೇಕು. ಹಾಗಾಗಿ ಎಚ್ಚರವಿರಲು ಒಂದಷ್ಟು ಜನ ಒಗಟು ಹೇಳುತ್ತಿದ್ದರು, ನೆಲದ ಮೇಲೆ ಗೆರೆ ಎಳೆದು ಹುಲಿ ಕುರಿ ಆಟ ಆಡುತ್ತಿದ್ದರು. ಇಷ್ಟಾದರೂ ಯಾರಾದರೂ ತೂಕಡಿಸಿದರೆ ಅವರ ಮೂಗಿನ ಕೆಳಗೆ ವಿಭೂತಿಯಲ್ಲಿ ಒಂದು ಮೀಸೆ ಬರೆಯುವುದು. ಬರೆಸಿಕೊಂಡವನಿಗೆ ಯಾರೂ ಹೇಳಕೂಡದು. ತಾನಾಗಿ ತಿಳಿಯುವವರೆಗೆ ಅದು ಇರಬೇಕು. ಅತ್ತೆಯ ಬಲಗೈ ಹೆಬ್ಬೆರಳು ಈ ಕೆಲಸದಲ್ಲಿ ಪಳಗಿತ್ತು. ನೊಣ ಕೂತರೆ ಎಚ್ಚರವಾಗುವವನಿಗೂ ಅತ್ತೆ ಮೀಸೆ ಬರೆದದ್ದು ಗೊತ್ತಾಗುತ್ತಿರಲಿಲ್ಲ.

ಒಂದು ಮನೆಯಲ್ಲಿ ಯಜಮಾನಿ ತೀರಿಕೊಂಡಿದ್ದರು. ಮಗಳನ್ನು ಕೌದಳ್ಳಿಗೆ ಕೊಟ್ಟಿತ್ತು. ಅಳಿಯ ಸೈಕಲ್ಲಿನಲ್ಲಿ ಮೊದಲೇ ಬಂದಿದ್ದ. ನುಣ್ಣಗೆ ಮುಖ ಬೋಳಿಸಿಕೊಂಡು, ಇಸ್ತ್ರಿ ಅಂಗಿ ಹಾಕಿ, ಯಾರ ಜೊತೆಯೂ ಸೇರದೆ ಕಂಬಕ್ಕೆ ಒರಗಿ ಕೂತಿದ್ದ. ದಣಿದಿದ್ದನೇನೋ, ಒರಗಿದಲ್ಲೇ ಗೊರಕೆ ಹೊಡೆದ. ಅತ್ತೆ ಎದ್ದರು. ಮೀಸೆ ಎರಡೂ ಕಿವಿಯ ಹತ್ತಿರಕ್ಕೆ ಹೋಯಿತು.

ಮಧ್ಯಾಹ್ನದ ಬಸ್ಸಿಗೆ ಮಗಳು ಬಂದಳು. ಬೀದಿಯ ತುದಿಯಿಂದಲೇ ಎದೆ ಬಡಿದುಕೊಂಡು ಅಳುತ್ತ ಓಡಿ ಬಂದಳು. ಬಾಗಿಲಲ್ಲಿ ಅವಳ ಗಂಡ ಗಂಭೀರವಾಗಿ ಕೈಮುಗಿದು ಬಂದವರನ್ನು ಒಳಗೆ ಕರೆಯುತ್ತಿದ್ದ. ಅವಳು ಅವನನ್ನು ಕಂಡವಳೇ ಅಳು ನಿಲ್ಲಿಸಿದಳು. ಇಲ್ಲಿ ಒಂದು ಮಾತು ಹೇಳಬೇಕು. ಮದುವೆಯ ಹೊತ್ತಿನಲ್ಲಿ ಅವಳ ತಾಯಿ, "ಗಂಡಿಗೆ ಮೀಸೆ ಇಲ್ಲ, ನಂಗೆ ಈ ಸಂಬಂಧ ಬ್ಯಾಡ," ಅಂತ ಮೂರು ತಿಂಗಳು ಹಟ ಹಿಡಿದಿದ್ದರು.

ಮಗಳು ಒಳಗೆ ನುಗ್ಗಿ ತಾಯಿಯ ಮಡಿಲಿಗೆ ಬಿದ್ದಳು. ಅಳುತ್ತಲೇ ಕೂಗಿದಳು: "ಅವ್ವಾ, ಕಣ್ಬುಟ್ಟು ನೋಡವ್ವಾ! ಒಂದೇ ಒಂದಿನ ಇರಬಾರ್ದಿತ್ತಾ? ಬಂತಲ್ಲವ್ವಾ ಮೀಸೆ!"

೩. ಬಗ್ಗದ ತಲೆ

ಇದು ನನ್ನದೇ ತಪ್ಪು. ಯಳಂದೂರು ಕಡೆಯ ಒಂದು ಊರಲ್ಲಿ ದೊಡ್ಡ ರೈತರೊಬ್ಬರು ಹೋಗಿದ್ದರು. ಯಾರಿಗೂ ತಗ್ಗಿ ನಡೆದವರಲ್ಲ ಅಂತ ಅವರ ಹೆಸರು. ಮೋಡ ಕವಿದಿತ್ತು. ಕಾಗದ ನೆನೆದುಹೋದೀತು ಅಂತ ಹೆದರಿ ನಾನು ವಿಮಾನವನ್ನು ಬೀದಿಯಲ್ಲಿ ಕಟ್ಟದೆ ತೊಟ್ಟಿಮನೆಯ ಒಳಗೇ, ಸೂರಿನಡಿ ಕಟ್ಟಿದೆ. ಬಿದಿರು ಬಿಗಿದು, ಕಳಶ ಏರಿಸಿ, ಹೂ ಸುತ್ತಿ, ಯಜಮಾನರನ್ನು ಕೂರಿಸಿ, ಎಂಟು ಜನ ಹೆಗಲಿಗೆತ್ತಿ ತಲೆಬಾಗಿಲಿಗೆ ಬಂದಾಗ ತಿಳಿಯಿತು. ಬಾಗಿಲು ವಿಮಾನಕ್ಕಿಂತ ಒಂದು ಮೊಳ ಗಿಡ್ಡ, ಅರ್ಧ ಮೊಳ ಇರುಕು.

ಬಾಗಿಲು ಅಳೆಯುವುದು ವಿಮಾನದ ಕೆಲಸದ ಮೊದಲ ಪಾಠ. ಅಪ್ಪ ಬದುಕಿದ್ದರೆ ನನ್ನನ್ನೂ ಜೊತೆಗೇ ಕೂರಿಸಿ ಕಳಿಸುತ್ತಿದ್ದರು. ಹೊತ್ತವರು ಬೈಯತೊಡಗಿದರು. ಒಬ್ಬ, "ಅತ್ಲಾಗೆ ವಾಲ್ಸಿ, ತಲೆ ಬಗ್ಸಿ ಈಚ್ಗೆ ತಕಳ್ಳಿ," ಅಂದ.

ಅತ್ತೆ ಎದ್ದು ನಿಂತರು. "ಬದ್ಕಿರೋಗಂಟ ಅಮಲ್ದಾರ್ರಿಗೇ ಬಗ್ಸುದ್ ತಲೆಯಲ್ಲ ಅದು. ಈಗ ಬಾಗ್ಲಿಗೆ ಬಗ್ಸೀರಾ? ಮುಟ್ಟಿ ನೋಡುವಾ!"

ಎಲ್ಲರೂ ಅವರ ಹೆಂಡತಿಯ ಮುಖ ನೋಡಿದರು. ಆ ಮುದುಕಿ ನಿಧಾನವಾಗಿ ಎದ್ದು, ಕೊಟ್ಟಿಗೆಯಿಂದ ಹಾರೆ ತಂದು ಮಗನ ಕೈಗೆ ಕೊಟ್ಟರು.

"ಒಡೀಲಾ ಬಾಗ್ಲ. ಮದ್ವೆಯಾಗಿ ಬಂದಾಗಿಂದ ಈ ಬಾಗ್ಲ ಅಗ್ಲ ಮಾಡ್ಸಿ, ಅಗ್ಲ ಮಾಡ್ಸಿ ಅಂತ ಬಡ್ಕೊಂಡೆ. ಇವತ್ತು ಮನಸು ಬಂತು ನಿಮ್ಮಪ್ಪನ್ಗೆ!"

೪. ಕದ್ದ ನೀರು, ಕೊಟ್ಟ ಬೆಲ್ಲ

ಇನ್ನು ಜಗಳಕ್ಕೆ ಬರುತ್ತೇನೆ. ಅರವತ್ತರ ದಶಕದಲ್ಲಿ ನಮ್ಮೂರ ಪಂಚಾಯಿತಿಗೆ ಒಬ್ಬರು ಚೇರ್ಮನ್ನರಾದರು. ಕೆಟ್ಟವರಲ್ಲ. ಊರಿಗೆ ಕುಡಿಯುವ ನೀರಿನ ಬಾವಿ ತೋಡಿಸಿದವರು ಅವರೇ. ಆದರೆ ಪೇಟೆಯವರ ಮುಂದೆ ಊರು ನಾಗರಿಕವಾಗಿ ಕಾಣಬೇಕು ಅನ್ನುವ ಹಂಬಲ ಅವರಿಗೆ ವಿಪರೀತ. ಚಿಕ್ಕಂದಿನಲ್ಲಿ ಅತ್ತೆಯ ಸೊಂಟದ ಮೇಲೆ ಬೆಳೆದವರು, ಅತ್ತೆಯನ್ನು ಅಕ್ಕ ಅಂತಲೇ ಕರೆಯುತ್ತಿದ್ದರು.

ಅವರ ತಂದೆ ತೀರಿಕೊಂಡರು. ಕೊಳ್ಳೇಗಾಲದಿಂದ ಒಬ್ಬ ಅಧಿಕಾರಿ ಜೀಪಿನಲ್ಲಿ ಬಂದು ಕುರ್ಚಿಯ ಮೇಲೆ ಕೂತಿದ್ದರು. ಚೇರ್ಮನ್ನರು ಅತ್ತೆಯ ಕಿವಿಯಲ್ಲಿ, "ಅಕ್ಕ, ಇವತ್ತು ಬರೀ ಒಳ್ಳೇದ್ನೇ ಹಾಡಕ್ಕ," ಅಂತ ಬೇಡಿಕೊಂಡರು. ಆ ಮುದುಕರು ಬೇರೆಯವರ ಪಾಳಿಯ ಕಾಲುವೆ ನೀರನ್ನು ತಮ್ಮ ಕಬ್ಬಿನ ಗದ್ದೆಗೆ ತಿರುಗಿಸಿಕೊಳ್ಳುತ್ತಿದ್ದದ್ದು ಊರಿಗೇ ಗೊತ್ತಿತ್ತು. ಅತ್ತೆ ಕಣ್ಣು ಮುಚ್ಚಿ ಶುರುಮಾಡಿದರು:

ಪಾಳಿ ನಮ್ದಾದ್ರೆ ನೀರು ನಿಂದಾಯ್ತಲ್ಲೋ ನನ್ನಣ್ಣ,
ಕದ್ದ ನೀರ್ಗೂ ಕಬ್ಬು ಸೀಯಾಯ್ತಲ್ಲೋ ನನ್ನಣ್ಣ,
ಬೈದೋರ್ಗೂ ಬೆಲ್ಲವ ಮಡ್ಲಿಗೆ ಸುರುದ್ಯಲ್ಲೋ,
ಇನ್ಯಾರ ಬೈಯಾನ, ಇನ್ಯಾರು ಕೊಟ್ಟಾರೋ ನನ್ನಣ್ಣ!

ನೀರು ಕಳೆದುಕೊಂಡವರೆಲ್ಲ ನಗುತ್ತ ಅತ್ತರು. ಆ ಬೆಲ್ಲ ತಿನ್ನದ ಮನೆ ಊರಲ್ಲಿರಲಿಲ್ಲ. ಕುರ್ಚಿಯಲ್ಲಿದ್ದ ಅಧಿಕಾರಿಯೂ ಕರವಸ್ತ್ರ ಬಾಯಿಗೆ ಒತ್ತಿಕೊಂಡು ಕುಲುಕಾಡಿದರು. ಚೇರ್ಮನ್ನರ ಮುಖ ಕಪ್ಪಿಟ್ಟಿತು.

ಹನ್ನೊಂದನೆಯ ದಿನ ಕಳೆದ ಮೇಲೆ ಅರಳೀಕಟ್ಟೆಯಲ್ಲಿ ಪಂಚಾಯಿತಿ ಸೇರಿಸಿ ಕಟ್ಟು ಮಾಡಿದರು: ಇನ್ನು ಸಾವಿನ ಮನೆಯಲ್ಲಿ ಹಾಡಬಾರದು, ತಮಟೆ ಬಾರಿಸಬಾರದು, ಮೀಸೆ ಬರೆಯಬಾರದು. ಮೀರಿದವರು ಸತ್ತರೆ ಊರಿನವರು ಹೆಗಲು ಕೊಡಬಾರದು.

ಹೆಗಲು ಕೊಡುವುದಿಲ್ಲ ಅಂದರೆ ಎಂಥ ಮಾತು ಅನ್ನುವುದನ್ನು ಹೇಳಲೇಬೇಕು. ಮಕ್ಕಳಿರುವವರಿಗೆ ಅದು ಬೆದರಿಕೆ ಅಷ್ಟೆ. ಮಕ್ಕಳಿಲ್ಲದ ನನ್ನ ಅತ್ತೆಗೆ ಅದು ಎದೆಗೇ ಇಟ್ಟ ಗುರಿ. ವಿಮಾನಕ್ಕೆ ಎಂಟು ಹೆಗಲು ಬೇಕು. ನಮ್ಮ ಮನೆಯಲ್ಲಿದ್ದದ್ದು ನಾನೊಬ್ಬ. ಕಟ್ಟೆಯ ಸುತ್ತ ನಿಂತವರೆಲ್ಲ ಅತ್ತೆಯ ಕಡೆ ನೋಡಿದರು.

ಅತ್ತೆ ಎಲೆಅಡಿಕೆ ಉಗಿದು ಬಂದು ಹೇಳಿದರು: "ಲೋ ತಮ್ಮ, ಅಳಾಕೂ ನಗಾಕೂ ನಿನ್ ಅಪ್ಪಣೆ ಬೇಕಾ ನಂಗೆ? ಎಗ್ಲು ಕೊಡ್ಬ್ಯಾಡ ಬುಡು. ಗುಂಡಿ ಎಲ್ಲಿ ತಗ್ದವ್ರೆ ಅಂತ ತೋರ್ಸು ಸಾಕು. ಎದ್ದು ನಡ್ಕಂಡೇ ಓಯ್ತೀನಿ!"

೫. ತಮಟೆ ಕಾದಿದೆಯಾ

ಕಟ್ಟು ಆದ ಮೇಲಿನ ಮೊದಲ ಸಾವು ಹಿಂದಿನ ಬೀದಿಯ ಒಬ್ಬ ಒಂಟಿ ಮುದುಕಿಯದು. ಚೇರ್ಮನ್ನರು ಬೆಳಗ್ಗೆಯೇ ಬಂದು ಬೇವಿನ ಮರದಡಿ ನಿಂತುಬಿಟ್ಟರು. ಜನ ಸೊಲ್ಲೆತ್ತದೆ ಕೂತಿದ್ದರು. ಅಂಥ ಮೌನ ನಮ್ಮೂರಲ್ಲಿ ಯಾರ ಸಾವಿಗೂ ಇರಲಿಲ್ಲ. ಬೀದಿ ನಾಯಿಗೂ ಗಾಬರಿಯಾಗಿ ಅದು ಬಾಲ ಮಡಚಿಕೊಂಡು ಹೋಯಿತು.

ಅತ್ತೆ ಹೆಣದ ಮುಂದೆ ಕೂತು ಹಾಡಿದರು. ಚೇರ್ಮನ್ನರು ಕೆಮ್ಮಿದರು. ಅತ್ತೆ ಇನ್ನೂ ಎತ್ತರಿಸಿ ಹಾಡಿದರು.

ಊರ ಸಾವುಗಳಿಗೆಲ್ಲ ತಮಟೆ ಬಾರಿಸುವ ಹಿರಿಯರೊಬ್ಬರು ತಮ್ಮವರೊಡನೆ ಬಂದರು. ಓದುವವರಲ್ಲಿ ಪೇಟೆಯವರಿದ್ದರೆ ತಿಳಿದಿರಲಿ, ತಮಟೆಯ ಚರ್ಮವನ್ನು ಹುಲ್ಲು ಬೆಂಕಿಗೆ ಹಿಡಿದು ಕಾಯಿಸಬೇಕು. ಕಾದರೇ ನಾದ. ಕಾದಿದೆಯೋ ಇಲ್ಲವೋ ಅಂತ ಆಗಾಗ ಬಡಿದು ನೋಡಬೇಕು. ಹಿರಿಯರು ಬೆಂಕಿ ಹಾಕಿ ತಮಟೆ ಹಿಡಿದರು.

"ಬಾರುಸ್ಬ್ಯಾಡಿ ಅಂತ ಕಟ್ಟಾಗದೆ, ಗೊತ್ತಿಲ್ವಾ?" ಅಂದರು ಚೇರ್ಮನ್ನರು.

"ಗೊತ್ತು ಸಾ. ಬಾರುಸ್ತಾ ಇಲ್ಲ. ಕಾಯುಸ್ತಾ ಇವ್ನಿ."

"ಬಾರ್ಸದೆ ಇರೋ ತಮ್ಟೇನ ಯಾಕೆ ಕಾಯುಸ್ತೀಯ?"

"ಕಾಯುಸ್ಬ್ಯಾಡಿ ಅಂತ ಕಟ್ಟಾಗಿಲ್ವಲ್ಲ ಸಾ."

ವಿಮಾನ ಎದ್ದಿತು. ಹಿರಿಯರು ಒಂದು ಏಟು ಹೊಡೆದು ಕಿವಿಗೊಟ್ಟರು. ತಲೆಯಾಡಿಸಿದರು. "ಇನ್ನೂ ಕಾದಿಲ್ಲ." ಇನ್ನೆರಡು ಏಟು. "ಅದೂ ಕಾದಿಲ್ಲ." ಹಿಂದಿನವರೂ ತಮ್ಮ ತಮ್ಮ ತಮಟೆ ಪರೀಕ್ಷೆ ಮಾಡಿದರು. ಒಬ್ಬ ಹುಲ್ಲು ಉರಿಸಿಕೊಂಡು ಜೊತೆಗೇ ಓಡಿದ. ಮನೆಯಿಂದ ಗುಂಡಿಯವರೆಗೆ ಅರ್ಧ ಮೈಲಿ ಆರು ತಮಟೆಗಳ ಪರೀಕ್ಷೆ ನಡೆಯಿತು. ಮುದುಕರೆಲ್ಲ ಹೆಜ್ಜೆ ಹಾಕಿ ಕುಣಿದರು. ಒಂಟಿ ಮುದುಕಿಗೆ ಊರ ಯಜಮಾನರಿಗೆ ಆಗುವುದಕ್ಕಿಂತ ದೊಡ್ಡ ಮೆರವಣಿಗೆಯಾಯಿತು.

ಮಣ್ಣು ಮುಚ್ಚಿದ ಮೇಲೆ ಹಿರಿಯರು ಬೆವರು ಒರೆಸಿಕೊಂಡು ಚೇರ್ಮನ್ನರ ಹತ್ತಿರ ಹೋಗಿ ಕೈಮುಗಿದರು. "ಈಗ ಕಾದಂಗದೆ ಸಾ. ನಿಮ್ ಕಟ್ನಂಗೆ ಇನ್ನು ಬಾರ್ಸಾಕಿಲ್ಲ."

೬. ಅಕ್ಕನ ಹೆಬ್ಬೆರಳು

ಅದಾದ ಮೇಲೆ ಕಟ್ಟು ಹೆಸರಿಗೆ ಮಾತ್ರ ಉಳಿಯಿತು. ಆದರೆ ಚೇರ್ಮನ್ನರು ಅದನ್ನು ವಾಪಸ್ಸು ಪಡೆಯಲಿಲ್ಲ. ಅತ್ತೆಯೊಡನೆ ಮಾತು ಬಿಟ್ಟರು. ಅತ್ತೆಯೂ ಬಿಟ್ಟರು. ಎದುರಾದರೆ ಇಬ್ಬರೂ ಕೆಮ್ಮುತ್ತಿದ್ದರು ಅಷ್ಟೆ.

ಎಪ್ಪತ್ತರ ದಶಕದ ನಡುವಿನ ಒಂದು ಬೆಳಗ್ಗೆ, ಹುಳಕ್ಕೆ ಸೊಪ್ಪು ಹಾಕುತ್ತ ಹಾಕುತ್ತಲೇ ಅತ್ತೆ ಕುಸಿದು ತೀರಿಕೊಂಡರು. ಅವರು ಮೊದಲೇ ನನಗೆ ಹೇಳಿದ್ದರು: "ನನ್ ವಿಮಾನ ಎತ್ರವಾಗಿ ಕಟ್ಬುಡ್ಲಾ. ಅವ್ನ ಎಗ್ಲಿಗೆ ಚೆನ್ನಾಗಿ ಭಾರ ಬೀಳ್ಲಿ." ಚೇರ್ಮನ್ನರು ಹೆಗಲು ಕೊಡುವುದಿಲ್ಲ ಅಂದಿದ್ದಾರಲ್ಲ ಅತ್ತೆ ಅಂತ ನಾನು ಅಂದರೆ, "ಕೊಟ್ಟಾನು ಬುಡ್ಲಾ," ಅಂದಿದ್ದರು.

ನಾನು ಬೀದಿಯಲ್ಲೇ ಕಟ್ಟಿದೆ. ಬಾಗಿಲು ನೆನಪಿತ್ತು. ಕೈ ಮಾತ್ರ ಗಂಟು ಹಾಕಲು ಒಪ್ಪಲಿಲ್ಲ. ಜನ ಬಂದರು, ತಮಟೆಯ ಹಿರಿಯರೂ ಬಂದರು. ಅತ್ತೆಯ ತಂಗಿ ಅಜ್ಜೀಪುರದಿಂದ ಮಾರನೆಯ ಬೆಳಗಿನ ಮೊದಲ ಬಸ್ಸಿಗೆ ಬರಬೇಕಿತ್ತು. ಕಾಯುತ್ತ ಕೂತೆವು. ಆಗ ನಮಗೆ ಹೊಳೆಯಿತು, ಹಾಡುವವರೇ ಇಲ್ಲ. ಊರಿಗೆಲ್ಲ ಹಾಡಿದವರು ಹಣೆಗೆ ವಿಭೂತಿ ಹಚ್ಚಿಕೊಂಡು ಗೋಡೆಗೆ ಒರಗಿ ಕೂತಿದ್ದರು.

ದೀಪ ಹಚ್ಚುವ ಹೊತ್ತಿಗೆ ಚೇರ್ಮನ್ನರು ಬಂದರು. ಎಲ್ಲರೂ ದಾರಿ ಬಿಟ್ಟರು. "ಎಗ್ಲು ಕೊಡಾಕ್ ಬಂದಿಲ್ಲ, ಮಕ ನೋಡಾಕ್ ಬಂದೆ," ಅಂದು ಅತ್ತೆಯ ಎದುರು ನಿಂತರು. ನಿಂತಲ್ಲೇ ಅತ್ತೆಯನ್ನು ಬೈಯಲು ಶುರುಮಾಡಿದರು.

"ಇಡೀ ಊರ್ ಮುಂದೆ ನಮ್ಮಪ್ಪನ್ ಮಾನ ಕಳುದ್ಯಲ್ಲಕ್ಕ!"

ಮೂಲೆಯಿಂದ ತಮಟೆಯ ಒಂದು ಏಟು ಬಿತ್ತು. ಚೇರ್ಮನ್ನರು ತಿರುಗಿ ನೋಡಿದರು. ಹಿರಿಯರು, "ಕಾದದೆಯಾ ಅಂತ ನೋಡ್ದೆ ಸಾ. ನೀವು ಬೈಯ್ರಿ," ಅಂದರು.

"ನಾನೊಂದ್ ಮಾತ್ ಅಂದ್ರೆ ನೀನ್ ಅತ್ ಮಾತ್ ಅಂತಿದ್ಯಲ್ಲಕ್ಕ!" ಮತ್ತೊಂದು ಏಟು. "ಸೊಂಟದ್ ಮ್ಯಾಲೆ ಒತ್ಕಂಡು ತಿರುಗ್ಸಿ, ತಲೆ ಮ್ಯಾಲೆ ಮೊಟಕ್ದ್ಯಲ್ಲಕ್ಕ!" ಮತ್ತೊಂದು. "ಇನ್ ನನ್ಗೆ ಲೋ ಅನ್ನೋರು ಯಾರವ್ರಕ್ಕ!"

ದೋಷ ಹೇಳಿದ್ದಾಯಿತು, ಗುಣ ಹೇಳಿದ್ದಾಯಿತು, ತಾಳಕ್ಕೂ ಸರಿಯಾಗಿ ಬಂದಿತ್ತು. ಅವರಿಗೇ ತಿಳಿಯದೆ ಅವರು ಹಾಡಿಬಿಟ್ಟಿದ್ದರು. ಅಲ್ಲೇ ಕಂಬದ ಬುಡದಲ್ಲಿ ಕುಸಿದು ಕೂತರು. ಬೆಳಗಿನ ಜಾವದವರೆಗೂ ಎದ್ದು ಹೋಗಲಿಲ್ಲ. ಜಾವದಲ್ಲಿ ತಲೆ ಎದೆಗೆ ಬಿತ್ತು, ಗೊರಕೆ ಬಂತು.

ಬೆಳಗಾಗಿ ಎಚ್ಚರವಾದಾಗ ಚೇರ್ಮನ್ನರು ಹಳೆಯ ಗತ್ತಿಗೆ ಬಂದಿದ್ದರು. "ಏಯ್, ಹೂವೆಲ್ಲಿ? ಅಯ್ನೋರು ಎಲ್ಲಿ?" ಅಂತ ಬೀದಿಯ ಉದ್ದಕ್ಕೂ ಹುಕುಂ ಕೊಡುತ್ತ ಓಡಾಡಿದರು. ಮೂಗಿನ ಕೆಳಗೆ ಎರಡೂ ಕಿವಿಯ ಹತ್ತಿರಕ್ಕೆ ಹೋದ ಬಿಳೀ ಮೀಸೆ. ಪದ್ಧತಿಯಂತೆ ಯಾರೂ ಹೇಳಲಿಲ್ಲ. ಎಲ್ಲರೂ ನೆಲ ನೋಡಿಕೊಂಡು "ಊಂ ಸಾ, ಊಂ ಸಾ," ಅಂದರು.

ಅಜ್ಜೀಪುರದ ತಂಗಿ ಬಸ್ಸಿಳಿದು, "ಅಕ್ಕಾ!" ಅಂತ ಕೂಗುತ್ತ ಬಂದವರು ಚೇರ್ಮನ್ನರನ್ನು ನೋಡಿ, ಜಗಲಿಯ ಮೇಲೆ ಕೂತು, ಸೆರಗು ಬಾಯಿಗಿಟ್ಟುಕೊಂಡು ನಕ್ಕರು. ಅದನ್ನು ಕಂಡು ಇಡೀ ಬೀದಿ ತಡೆಯಲಾಗದೆ ನಕ್ಕಿತು. ಚೇರ್ಮನ್ನರು ತುಟಿಯ ಮೇಲೆ ಬೆರಳಿಟ್ಟು ನೋಡಿಕೊಂಡರು. ಬೆರಳು ಬೆಳ್ಳಗಾಯಿತು.

"ಯಾವನ್ಲಾ ಇದ ಬರ್ದೋನು?"

ತಮಟೆಯ ಹಿರಿಯರು ಕಣ್ಣಲ್ಲೇ ಒಳಗೆ ತೋರಿಸಿದರು. ಚೇರ್ಮನ್ನರು ಒಳಗೆ ಹೋಗಿ ಅತ್ತೆಯ ಮಡಿಲಲ್ಲಿದ್ದ ಬಲಗೈ ನೋಡಿದರು. ಹೆಬ್ಬೆರಳ ತುಂಬ ವಿಭೂತಿ. ಸತ್ತವರ ಮೈಗೆಲ್ಲ ವಿಭೂತಿ ಬಳಿದಿರುತ್ತದೆ, ಹೆಬ್ಬೆರಳಿಗೂ ಇರುತ್ತದೆ. ಅದು ಎಲ್ಲರಿಗೂ ಗೊತ್ತು, ಚೇರ್ಮನ್ನರಿಗೂ ಗೊತ್ತಿತ್ತು. ಮೀಸೆ ಬರೆದವರು ಯಾರೆಂದು ನನಗೂ ಗೊತ್ತು. ಆದರೆ ಅದೊಂದನ್ನು ಮಾತ್ರ ನಾನು ಬಿಡಿಸಿ ಹೇಳುವುದಿಲ್ಲ.

ಚೇರ್ಮನ್ನರು ಬಹಳ ಹೊತ್ತು ಆ ಕೈಯನ್ನೇ ನೋಡಿದರು. ಆಮೇಲೆ ಹೊರಗೆ ಬಂದು, ಟವೆಲ್ಲನ್ನು ಮಡಿಸಿ ಹೆಗಲಿಗೆ ಹಾಕಿಕೊಂಡು, ವಿಮಾನದ ಮುಂದಿನ ಬಿದಿರಿಗೆ ಹೆಗಲು ಕೊಟ್ಟು ನಿಂತರು. ಉಳಿದ ಏಳು ಹೆಗಲಿಗೆ ನೂಕುನುಗ್ಗಲಾಯಿತು. ವಿಮಾನ ಎದ್ದಾಗ ಅವರ ಮೊಣಕಾಲು ಬಾಗಿತು.

"ಇಷ್ಟ್ ಎತ್ರ ಯಾಕ್ಲಾ ಕಟ್ದೆ?"

"ಅತ್ತೇನೇ ಯೋಳಿದ್ರು ಸಾ," ಅಂದೆ. ಅವರ ಮುಖದ ಮೀಸೆ ಎದುರಿಗೇ ಇತ್ತು. ಹೆದರಿಕೆಯಾಗಿ, "ತಡೀರಿ ಸಾ, ಒರುಸ್ಬುಡ್ತೀನಿ," ಅಂತ ನನ್ನ ಟವೆಲ್ ಎತ್ತಿದೆ.

ಚೇರ್ಮನ್ನರು ಮುಖ ಆಚೆ ತಿರುಗಿಸಿದರು.

"ಮುಟ್ಬ್ಯಾಡ ಕಣ್ಲಾ! ಗುಂಡಿಗಂಟ ಇರ್ಲಿ. ಒರುಸುದ್ರೆ ಎದ್ ಬಂದು ಇನ್ನೊಂದ್ ಬರುದ್ಬುಟ್ಟಾಳು."